ಹತ್ತು ನಿಮಿಷದ ಭಾಷಣಕ್ಕೆ ಎಷ್ಟು ಬರೆಯಬೇಕು?

ನಮ್ಮಂಥ ಸಂಘಗಳ ರಾಜ್ಯೋತ್ಸವದ ಸಭೆಗಳಲ್ಲಿ ಆಗಾಗ ನಡೆಯುವ ಒಂದು ಸಂಗತಿಯನ್ನು ವಾಚಕರು ಬಲ್ಲರು. ಮೊದಲನೆಯವರಿಗೆ ಗೊತ್ತುಮಾಡಿದ ಹತ್ತು ನಿಮಿಷ ಇಪ್ಪತ್ತೈದಾಗುತ್ತದೆ. ಎರಡನೆಯವರದು ಅರ್ಧ ಗಂಟೆ. ಪಾಳಿ ಬದಲಾಯಿಸಿಕೊಂಡು, ರಾತ್ರಿ ಕುಳಿತು ನಾಲ್ಕು ಮಾತು ಬರೆದು ತಂದ ತರುಣನ ಸರದಿ ಬರುವ ಹೊತ್ತಿಗೆ "ಎರಡೇ ನಿಮಿಷ" ಎಂದು ಅಧ್ಯಕ್ಷರ ಚೀಟಿ ಬರುತ್ತದೆ. ಸಭಿಕರಿಗೋ ಕೊನೆಯ ಗಾಡಿಯ ಚಿಂತೆ. ಇದರಲ್ಲಿ ಯಾರ ದುರುದ್ದೇಶವೂ ಇಲ್ಲ. ಬರೆದುದನ್ನು ಓದಿ ಹೇಳಲು ಎಷ್ಟು ಹೊತ್ತು ಹಿಡಿಯುತ್ತದೆಂಬ ಅಂದಾಜು ತಪ್ಪಿರುತ್ತದೆ, ಅಷ್ಟೆ.

ತಪ್ಪಲು ಕಾರಣಗಳುಂಟು. ನಾವು ಮನೆಯಲ್ಲಿ ಮನಸ್ಸಿನೊಳಗೇ ಓದಿಕೊಂಡು ಲೆಕ್ಕ ಹಾಕುತ್ತೇವೆ. ಕಣ್ಣು ಓಡುವಷ್ಟು ಬೇಗ ಬಾಯಿ ಓಡದು. ಇನ್ನು, ನಿಮಿಷಕ್ಕೆ 130ರಿಂದ 150 ಪದ ಎಂಬ ಲೆಕ್ಕವನ್ನು ಎಲ್ಲೋ ಕೇಳಿರುತ್ತೇವೆ. ಅದು ಇಂಗ್ಲಿಷಿನದು. 1863ರಲ್ಲಿ ಗೆಟಿಸ್‌ಬರ್ಗಿನಲ್ಲಿ ಲಿಂಕನ್ ಆಡಿದ ಭಾಷಣ ಸುಮಾರು 270 ಪದ. ಹಿಡಿದದ್ದು ಎರಡು ಮೂರು ನಿಮಿಷ. ಕನ್ನಡದಲ್ಲಿಯಾದರೋ ವಿಭಕ್ತಿ, ಪ್ರತ್ಯಯಗಳೆಲ್ಲ ಪದಕ್ಕೇ ಅಂಟಿಕೊಳ್ಳುತ್ತವೆ. "ಬರಲಾರದವರಿಗಾಗಿ" ಎಂಬುದು ಒಂದೇ ಪದ, ಅಕ್ಷರ ಒಂಬತ್ತು. ಅದನ್ನೇ ಇಂಗ್ಲಿಷಿನಲ್ಲಿ ಹೇಳಲು ನಾಲ್ಕೈದು ಪದ ಬೇಕು. ಆದ್ದರಿಂದ ಪದಗಳನ್ನು ಎಣಿಸಿದರೆ ಕನ್ನಡದ ಭಾಷಣ ಖಂಡಿತ ಉದ್ದವಾಗುತ್ತದೆ. ನಮ್ಮ ಛಂದಸ್ಸು ಲಘುವಿಗೆ ಒಂದು ಮಾತ್ರೆ, ಗುರುವಿಗೆ ಎರಡು ಎಂದು ಉಚ್ಚಾರಣೆಯ ಕಾಲವನ್ನೇ ಅಳೆಯುತ್ತದೆ. ನಾವೂ ಹಾಗೆಯೇ ಕಾಲವನ್ನು ಅಳೆಯುವುದು ಮೇಲು.

ಅಂಕಿಗಳೂ ಮೋಸಮಾಡುತ್ತವೆ. 1956 ಎಂದು ಬರೆಯಲು ನಾಲ್ಕು ಅಂಕಿ ಸಾಕು. "ಸಾವಿರದ ಒಂಬೈನೂರ ಐವತ್ತಾರು" ಎಂದು ಓದಲು ಹನ್ನೆರಡು ಅಕ್ಷರ. ಸಂಘದ ವಾರ್ಷಿಕ ಲೆಕ್ಕಪತ್ರ ಓದುವವರು ಇದನ್ನು ಮರೆಯಬಾರದು.

ಉಪಾಯ ಸುಲಭ. ಭಾಷಣವನ್ನು ಒಂದೇ ಅಳತೆಯ ಹಾಳೆಗಳಲ್ಲಿ ಬರೆಯಿರಿ. ಗಡಿಯಾರವನ್ನೋ ಮೊಬೈಲನ್ನೋ ಎದುರಿಗಿಟ್ಟು ಎದ್ದು ನಿಲ್ಲಿ. ಹಿಂದಿನ ಸಾಲಿನವರಿಗೂ ಕೇಳಿಸಬೇಕೆಂಬಂತೆ ಮೂರು ನಿಮಿಷ ಗಟ್ಟಿಯಾಗಿ ಓದಿ, ನಿಂತಲ್ಲಿ ಗುರುತು ಮಾಡಿ. 36 ಸಾಲು ಆಗಿದ್ದರೆ ನಿಮಿಷಕ್ಕೆ 12 ಸಾಲು. ಒಟ್ಟು 120 ಸಾಲಿದ್ದರೆ ಹತ್ತು ನಿಮಿಷವಾಯಿತಲ್ಲ ಎಂದು ನಿಶ್ಚಿಂತರಾಗಬೇಡಿ. ವೇದಿಕೆಯ ಗಣ್ಯರ ಸಂಬೋಧನೆ, ಚಪ್ಪಾಳೆ, ನಗು, ಒಂದು ಗುಟುಕು ನೀರು, ಇವಕ್ಕೂ ಹೊತ್ತು ಬೇಕು. ಹತ್ತು ನಿಮಿಷಕ್ಕೆ ನೂರು ಸಾಲೇ ಸರಿ. ನಡುವೆ ಪದ್ಯ ಹಾಡುವುದಿದ್ದರೆ ಅದನ್ನು ಹಾಡಿಯೇ ಅಳೆಯಬೇಕು. ನಾಟಕವಾದರೆ ಪಾತ್ರಗಳು ಬಂದುಹೋಗುವ ವೇಳೆಯನ್ನೂ ಸೇರಿಸಬೇಕು.

ಮತ್ತೊಂದು ಮಾತು. ಅಗತ್ಯಬಿದ್ದರೆ ಬಿಡಬಹುದಾದ ಒಂದು ಭಾಗಕ್ಕೆ ಮೊದಲೇ ಪೆನ್ಸಿಲಿನಿಂದ ಗೆರೆ ಹಾಕಿಡಿ. ಅದು ನಡುವಿನದಾಗಿರಲಿ. ಚೀಟಿ ಬಂದಾಗ ಗಾಬರಿಯಿಂದ ವೇಗ ಹೆಚ್ಚಿಸಿದರೆ ಯಾರಿಗೂ ತಿಳಿಯದು. ಕೊನೆಯನ್ನು ನುಂಗಿದರೆ ಹೇಳಬೇಕಾದುದೇ ಉಳಿದುಹೋಗುತ್ತದೆ.

ಮುಂದಿನ ಸಭೆಗೆ ಬರೆದು ತರುವವರೆಲ್ಲ ಮನೆಯಲ್ಲಿ ಒಮ್ಮೆ ಹೀಗೆ ಅಳೆದು ಬರಲೆಂದು ನಮ್ಮ ವಿನಂತಿ. ನಾವು ಉಳಿಸಿದ ಐದು ನಿಮಿಷ ಕೊನೆಯ ಸರದಿಯ ಆ ತರುಣನಿಗೆ ಸಲ್ಲುತ್ತದೆ.