ಹ್ಯಾಂಗ್ ಆದ ಆಟಕ್ಕೆ ಐದು ಸೆಕೆಂಡಿನ ಗಡುವು

ಕಂಪ್ಯೂಟರಿನಲ್ಲಿ ಆಡುತ್ತಿದ್ದ ಗೇಮ್ ಹ್ಯಾಂಗ್ ಆಗಿದೆ ಎಂಬುದು ಎಷ್ಟೋ ಸಲ ಕಣ್ಣಿಗಿಂತ ಮೊದಲು ಕಿವಿಗೆ ತಿಳಿಯುತ್ತದೆ. ಹಿನ್ನೆಲೆ ಸಂಗೀತದ ಒಂದು ಚೂರು ‘ಡ್ರ್‌ರ್‌ರ್‌ರ್’ ಎಂದು ಒಂದೇ ಸಮನೆ ಮೊರೆಯತೊಡಗುತ್ತದೆ. ಪರದೆಯ ಮೇಲಿನ ಸೈನಿಕ ಎತ್ತಿದ ಕಾಲನ್ನು ಕೆಳಗಿಡುವುದಿಲ್ಲ. ಎಸ್ಕೇಪ್ ಒತ್ತಿ, ಎಂಟರ್ ಒತ್ತಿ, ಮೌಸನ್ನು ಮೇಜಿಗೆ ಕುಟ್ಟಿ ನೋಡಿದರೂ ಏನೂ ಕದಲುವುದಿಲ್ಲ.

ಆ ಮೊರೆತಕ್ಕೆ ಕಾರಣ ಸರಳ. ಸೌಂಡ್ ಕಾರ್ಡು ಮೆಮೊರಿಯ ಒಂದು ಪುಟ್ಟ ಜಾಗದಿಂದ ಧ್ವನಿಯ ಅಂಕಿಗಳನ್ನು ಓದುತ್ತಾ ಹೋಗುತ್ತದೆ, ಕೊನೆ ಮುಟ್ಟಿದ ಮೇಲೆ ಮತ್ತೆ ಮೊದಲಿನಿಂದ ಶುರು ಮಾಡುತ್ತದೆ. ಅದು ಒಂದು ಸುತ್ತು ಮುಗಿಸುವಷ್ಟರಲ್ಲಿ ಹೊಸ ಅಂಕಿಗಳನ್ನು ತುಂಬಿಡಬೇಕಾದ್ದು ಗೇಮ್‌ನ ಹೊಣೆ. ಗೇಮ್ ನಿಂತುಹೋದರೆ ತುಂಬುವವರಿಲ್ಲ, ಸೌಂಡ್ ಕಾರ್ಡಿಗೆ ಅದರ ಪರಿವೆಯಿಲ್ಲ; ಹಳೆಯ ತುಣುಕೇ ಸೆಕೆಂಡಿಗೆ ಹಲವು ಬಾರಿ ಮರುಕಳಿಸುತ್ತದೆ. ಹಳೆಯ ಗೇಮ್‌ಗಳಲ್ಲಿ ಇದು ಹೆಚ್ಚು. ಈಗಿನ ಗೇಮ್‌ಗಳಲ್ಲಿ ಸದ್ದನ್ನು ನೋಡಿಕೊಳ್ಳಲು ಬೇರೆಯೇ ಒಂದು ಥ್ರೆಡ್, ಅಂದರೆ ಪ್ರೋಗ್ರಾಮಿನೊಳಗೇ ಸ್ವತಂತ್ರವಾಗಿ ಓಡುವ ಕೆಲಸದ ಎಳೆ, ಇರುವುದರಿಂದ ಚಿತ್ರ ಕಲ್ಲಾಗಿ ನಿಂತಿದ್ದರೂ ಸಂಗೀತ ಮಾತ್ರ ಏನೂ ಆಗಿಲ್ಲವೆಂಬಂತೆ ಮುಂದುವರಿಯುವುದುಂಟು.

ಇಂಥ ಹೊತ್ತಿನಲ್ಲಿ ನಾವು ಮಾಡುವ ಮೊದಲ ಕೆಲಸ ಆಲ್ಟ್ ಮತ್ತು ಎಫ್4 ಕೀಲಿಗಳನ್ನು ಒಟ್ಟಿಗೆ ಒತ್ತುವುದು, ಅಥವಾ ಕಿಟಕಿಯ ಮೂಲೆಯ ‘X’ ಗುರುತನ್ನು ಕ್ಲಿಕ್ ಮಾಡುವುದು. ಎರಡೂ ಆಜ್ಞೆಗಳಲ್ಲ, ಬರೀ ವಿನಂತಿಗಳು. ವಿಂಡೋಸ್‌ನಲ್ಲಿ ಕಿಟಕಿ ತೆರೆದ ಪ್ರತಿ ಪ್ರೋಗ್ರಾಮಿಗೂ ಸಂದೇಶಗಳ ಒಂದು ಸರತಿ ಸಾಲು ಇರುತ್ತದೆ. ನೀವು ಒತ್ತಿದ ಕೀಲಿ, ಸರಿಸಿದ ಮೌಸ್, ‘ಮುಚ್ಚು’ ಎಂಬ ಕೋರಿಕೆ ಎಲ್ಲವೂ ಆ ಸಾಲಿನಲ್ಲಿ ಹೋಗಿ ನಿಲ್ಲುತ್ತವೆ. ಪ್ರೋಗ್ರಾಂ ತಾನಾಗಿಯೇ ಬಂದು ಒಂದೊಂದಾಗಿ ಎತ್ತಿಕೊಳ್ಳಬೇಕು. ಸರಿಯಾಗಿ ನಡೆಯುತ್ತಿರುವ ಗೇಮ್ ಸೆಕೆಂಡಿಗೆ 60 ಚಿತ್ರ ಬರೆಯುತ್ತದೆ ಎಂದಿಟ್ಟುಕೊಳ್ಳಿ. ಒಂದು ಸುತ್ತಿಗೆ ಸಿಗುವುದು ಸುಮಾರು 16.7 ಮಿಲಿಸೆಕೆಂಡು. ಅಷ್ಟರಲ್ಲಿ ಅದು ಸಾಲನ್ನು ಖಾಲಿ ಮಾಡಿ, ಶತ್ರುಗಳನ್ನು ಒಂದು ಹೆಜ್ಜೆ ಸರಿಸಿ, ಡಿಕ್ಕಿಗಳನ್ನು ಲೆಕ್ಕಹಾಕಿ, ಚಿತ್ರ ಬರೆಯುವಂತೆ ಗ್ರಾಫಿಕ್ಸ್ ಕಾರ್ಡಿಗೆ ಒಪ್ಪಿಸಿ, ಮತ್ತೆ ಸಾಲಿನ ಬಳಿ ಬರುತ್ತದೆ. ಗೇಮ್ ಮುಚ್ಚುವ ಕೋರಿಕೆ ಕಂಡರೆ ಅದು ಆಟವನ್ನು ಸೇವ್ ಮಾಡಬಹುದು, ಸರ್ವರಿಗೆ ವಿದಾಯ ಹೇಳಬಹುದು, ಆಮೇಲೆ ತಾನೇ ಹೊರಟುಹೋಗುತ್ತದೆ.

ಈ ಸುತ್ತು ಎಲ್ಲೋ ನಡುವೆ ಮುರಿದರೆ ಅದೇ ಹ್ಯಾಂಗ್. ಮುರಿಯಲು ದಾರಿ ಹಲವು. ಎಂದೂ ಸುಳ್ಳಾಗದ ಷರತ್ತಿನ ಸುತ್ತ ಪ್ರೊಸೆಸರ್ ಗಿರಕಿ ಹೊಡೆಯುತ್ತಿರಬಹುದು. ಆಗ ಫ್ಯಾನಿನ ಸದ್ದು ಏರುತ್ತದೆ. ಎರಡು ಥ್ರೆಡ್‌ಗಳು ಒಂದರ ಕೈಯಲ್ಲಿರುವುದಕ್ಕಾಗಿ ಇನ್ನೊಂದು ಕಾಯುತ್ತಾ ಇಬ್ಬರೂ ಬಿಡದೆ ಕುಳಿತಿರಬಹುದು. ಆಗ ಫ್ಯಾನು ತಣ್ಣಗಿರುತ್ತದೆ. ಹಾಳಾದ ಡಿಸ್ಕ್ ಉತ್ತರಿಸದೆ ಇರಬಹುದು. ಇದ್ಯಾವುದೂ ಅಲ್ಲದೆ, ಹೊಸ ಹಂತಕ್ಕೆ ಬೆಳಕು-ಬಣ್ಣ ಲೆಕ್ಕಹಾಕುವ ಶೇಡರ್‌ಗಳನ್ನು ನಿಮ್ಮ ಗ್ರಾಫಿಕ್ಸ್ ಕಾರ್ಡಿಗೆ ತಕ್ಕಂತೆ ಸಿದ್ಧಪಡಿಸುತ್ತಾ ಗೇಮ್ ಪ್ರಾಮಾಣಿಕವಾಗಿ ದುಡಿಯುತ್ತಿರಲೂಬಹುದು. ಪರದೆಯನ್ನಷ್ಟೇ ನೋಡುವವರಿಗೆ ನಾಲ್ಕೂ ಒಂದೇ ಥರ ಕಾಣುತ್ತವೆ.

ವಿಂಡೋಸ್‌ಗಾದರೂ ವ್ಯತ್ಯಾಸ ಗೊತ್ತಾಗುತ್ತದೆಯೇ? ಇಲ್ಲ. ಕಿಟಕಿ ಮಸುಕಾಗಿ, ತಲೆಪಟ್ಟಿಯಲ್ಲಿ ‘ನಾಟ್ ರೆಸ್ಪಾಂಡಿಂಗ್’ ಎಂದು ಬರುತ್ತದಲ್ಲ, ಅದನ್ನು ರೋಗದ ಹೆಸರೆಂದು ಓದುವವರೇ ಹೆಚ್ಚು. ಅದು ಗಡಿಯಾರ ನೋಡಿ ಹೇಳಿದ ಮಾತು ಅಷ್ಟೇ. ಪ್ರೋಗ್ರಾಂ ಐದು ಸೆಕೆಂಡುಗಳಿಂದ ಸಂದೇಶಗಳ ಸಾಲಿನತ್ತ ಬಂದಿಲ್ಲ, ಈಗಷ್ಟೇ ಶುರುವಾಗುತ್ತಿರುವ ಪ್ರೋಗ್ರಾಮೂ ಅಲ್ಲ ಎಂದಾದರೆ ವಿಂಡೋಸ್ ಅದನ್ನು ಸ್ಪಂದಿಸದವರ ಪಟ್ಟಿಗೆ ಸೇರಿಸುತ್ತದೆ. ಆಗ ನಿಮಗೆ ಕಾಣುವ ಮಸುಕು ಕಿಟಕಿ ಗೇಮ್‌ನದ್ದೇ ಅಲ್ಲ. ಗೇಮ್ ಕೊನೆಯದಾಗಿ ಬರೆದ ಚಿತ್ರವನ್ನು ನಕಲು ಮಾಡಿ ವಿಂಡೋಸ್ ತಾನೇ ನಿಲ್ಲಿಸಿದ ಬದಲಿ ಕಿಟಕಿ ಅದು. ನೀವು ಅದನ್ನು ಸರಿಸಬಹುದು, ಮುಚ್ಚು ಎನ್ನಬಹುದು. ಉತ್ತರಿಸುವುದು ವಿಂಡೋಸ್, ಗೇಮ್ ಅಲ್ಲ. ಇದರ ತದ್ವಿರುದ್ಧವೂ ನಡೆಯುತ್ತದೆ. ಸಂದೇಶ ಎತ್ತಿಕೊಳ್ಳುವ ಥ್ರೆಡ್ ಗಟ್ಟಿಮುಟ್ಟಾಗಿದ್ದು, ಆಟ ನಡೆಸುವ ಥ್ರೆಡ್ ಮಾತ್ರ ಸಿಕ್ಕಿಬಿದ್ದರೆ ವಿಂಡೋಸ್‌ನ ಪಾಲಿಗೆ ಎಲ್ಲವೂ ಕ್ಷೇಮ. ಪರದೆ ಮಾತ್ರ ಅರ್ಧ ಗಂಟೆಯಿಂದ ಅಲ್ಲೇ ಇರುತ್ತದೆ.

ಇನ್ನಷ್ಟು ಜಾಣತನದಿಂದ ಪರೀಕ್ಷಿಸಬಾರದೇಕೆ ಎಂದರೆ, ಅಡ್ಡಿ ಇರುವುದು ಮೈಕ್ರೋಸಾಫ್ಟ್‌ನ ಎಂಜಿನಿಯರುಗಳಲ್ಲಿ ಅಲ್ಲ, ಗಣಿತದಲ್ಲಿ. ಅಂಗಡಿಯವನು ‘ಒಂದ್ನಿಮಿಷ’ ಎಂದು ಹಿಂದಿನ ಗೋದಾಮಿಗೆ ಹೋದ ಮೇಲೆ ಗಲ್ಲಾಪೆಟ್ಟಿಗೆಯ ಮುಂದೆ ನಿಂತ ಗಿರಾಕಿಯ ಸ್ಥಿತಿ ಆಪರೇಟಿಂಗ್ ಸಿಸ್ಟಂನದು: ಅವನು ಸಾಮಾನು ಹುಡುಕುತ್ತಿದ್ದಾನೋ ಮೂಟೆಗೆ ಒರಗಿ ನಿದ್ದೆ ಹೋದನೋ ತಿಳಿಯದು. ಯಾವುದೇ ಪ್ರೋಗ್ರಾಮನ್ನು ಕೊಟ್ಟರೂ ಅದು ಎಂದಾದರೂ ಮುಗಿಯುತ್ತದೆಯೋ ಇಲ್ಲವೋ ಎಂದು ತಪ್ಪಿಲ್ಲದೆ ಹೇಳಬಲ್ಲ ಸಾರ್ವತ್ರಿಕ ವಿಧಾನ ಇರಲಾರದು ಎಂದು ಅಲನ್ ಟ್ಯೂರಿಂಗ್ 1936ರ ಪ್ರಬಂಧದಲ್ಲೇ ಸಾಧಿಸಿ ತೋರಿಸಿದ್ದ. ಮೆಮೊರಿಗೆ ಮಿತಿಯಿರುವ ನಮ್ಮ ಯಂತ್ರಗಳಿಗೆ ಆ ಸಿದ್ಧಾಂತ ಅಕ್ಷರಶಃ ಅನ್ವಯಿಸುವುದಿಲ್ಲ ಎಂದು ಗಣಿತಜ್ಞರು ತಕರಾರು ತೆಗೆಯಬಹುದು. ಆದರೆ ಹಲವು ಗಿಗಾಬೈಟ್ ಮೆಮೊರಿಯ ಎಲ್ಲ ಸಾಧ್ಯತೆಗಳನ್ನೂ ಎಣಿಸಿ ಮುಗಿಸುವಷ್ಟು ಆಯುಷ್ಯ ಈ ವಿಶ್ವಕ್ಕೇ ಇಲ್ಲ. ಹಾಗಾಗಿ ಐದು ಸೆಕೆಂಡಿನ ಗಡುವು ಒಂದು ಒಪ್ಪಂದ. ಇನ್ನೂ ಕಾಯುವುದೋ, ಕತ್ತು ಹಿಸುಕುವುದೋ ಎಂಬ ತೀರ್ಪನ್ನು ಕಂಪ್ಯೂಟರು ಕುರ್ಚಿಯಲ್ಲಿ ಕೂತವರಿಗೇ ಬಿಟ್ಟಿದೆ. ನನ್ನ ಮಟ್ಟಿಗೆ ಅದು ಸರಿಯಾದ ಏರ್ಪಾಡು.

ಆದರೆ ತೀರ್ಪು ಕೊಡಲು ನಿಮ್ಮ ಮಾತು ಕೇಳುವವರೊಬ್ಬರು ಇರಬೇಕಲ್ಲ. ಡಾಸ್ ಕಾಲದಲ್ಲಿ ಅಂಥವರು ಇರಲಿಲ್ಲ. 1993ರಲ್ಲಿ ‘ಡೂಮ್’ ಬಂದಾಗ ಗೇಮ್ ಶುರುವಾಯಿತೆಂದರೆ ಇಡೀ ಯಂತ್ರ ಅದರ ಕೈಯಲ್ಲಿ. ಆ ಕಾಲದ ಹಲವು ಗೇಮ್‌ಗಳು ಕೀಬೋರ್ಡನ್ನೂ ನೇರವಾಗಿ ತಮ್ಮ ವಶಕ್ಕೆ ತೆಗೆದುಕೊಳ್ಳುತ್ತಿದ್ದರಿಂದ ಗೇಮ್ ಕೆಟ್ಟು ಕೂತರೆ ಕಂಟ್ರೋಲ್-ಆಲ್ಟ್-ಡಿಲೀಟ್ ಕೂಡ ಕೆಲಸಕ್ಕೆ ಬರುತ್ತಿರಲಿಲ್ಲ. ಕ್ಯಾಬಿನೆಟ್ಟಿನ ಮೇಲಿನ ರೀಸೆಟ್ ಬಟನ್ನೇ ಗತಿ.

ಆ ಮೂರು ಕೀಲಿಗಳಿಗೆ ಒಂದು ಕಥೆಯಿದೆ. 1981ರಲ್ಲಿ ಬಂದ ಐಬಿಎಂ ಪಿಸಿಯನ್ನು ಫ್ಲಾರಿಡಾದ ಬೋಕಾ ರಟೋನ್‌ನಲ್ಲಿ ರೂಪಿಸುತ್ತಿದ್ದ ತಂಡದ ಡೇವಿಡ್ ಬ್ರಾಡ್ಲಿ, ಪದೇ ಪದೇ ಪವರ್ ಆರಿಸದೆ ಯಂತ್ರವನ್ನು ಮರುಚಾಲನೆ ಮಾಡಲು ಒಂದು ಉಪಾಯ ಹೂಡಿದ. ಮೊದಲು ಆಯ್ದದ್ದು ಕಂಟ್ರೋಲ್-ಆಲ್ಟ್-ಎಸ್ಕೇಪ್. ಮೂರೂ ಎಡಗೈಗೇ ಸಿಗುತ್ತಿದ್ದವು, ಅರಿಯದೆ ತಗಲುವ ಭಯವಿತ್ತು. ಹಾಗಾಗಿ ಒಂದು ಕೀಲಿಯನ್ನು ಬಲತುದಿಗೆ ಕಳಿಸಲಾಯಿತು. 1993ರ ವಿಂಡೋಸ್ ಎನ್‌ಟಿ ಇದೇ ಕೀಲಿಗಳಿಗೆ ಹೊಸ ಅಧಿಕಾರ ಕೊಟ್ಟಿತು. ಅವನ್ನು ಒತ್ತಿದರೆ ಸುದ್ದಿ ನೇರ ಆಪರೇಟಿಂಗ್ ಸಿಸ್ಟಂನ ತಿರುಳಿಗೆ ಹೋಗುತ್ತದೆ, ನಡುವೆ ಯಾವ ಸಾಮಾನ್ಯ ಪ್ರೋಗ್ರಾಮೂ ಅದನ್ನು ಕಸಿಯಲಾರದು. ನಕಲಿ ಲಾಗಿನ್ ಪರದೆ ತೋರಿಸಿ ಪಾಸ್‌ವರ್ಡ್ ಕದಿಯುವವರನ್ನು ತಡೆಯಲು ಮಾಡಿದ ಏರ್ಪಾಡಿದು, ಗೇಮ್ ಆಡುವವರಿಗೂ ಒದಗಿಬಂತು. ಪೂರ್ಣ ಪರದೆಯನ್ನು ಆಕ್ರಮಿಸಿಕೊಂಡ ಗೇಮ್ ಬೇರೆಲ್ಲ ಕೀಲಿಗಳನ್ನು ನುಂಗಿದರೂ ಇದನ್ನು ನುಂಗಲಾರದು.

ಅಲ್ಲಿಂದ ಟಾಸ್ಕ್ ಮ್ಯಾನೇಜರಿಗೆ ಒಂದೇ ಹೆಜ್ಜೆ. ಮೈಕ್ರೋಸಾಫ್ಟ್‌ನಲ್ಲಿದ್ದ ಡೇವ್ ಪ್ಲಮ್ಮರ್ ಮನೆಯಲ್ಲಿ ಬಿಡುವಿನಲ್ಲಿ ಬರೆದ ಪುಟ್ಟ ಪ್ರೋಗ್ರಾಂ ಇದು, 1996ರ ವಿಂಡೋಸ್ ಎನ್‌ಟಿ 4.0 ಜೊತೆ ಹೊರಬಂತು. ಗೇಮ್ ಆಡುವವರ ಗೋಳು ಮಾತ್ರ ಬೇರೆ: ಟಾಸ್ಕ್ ಮ್ಯಾನೇಜರ್ ತೆರೆದಿರುತ್ತದೆ, ಹ್ಯಾಂಗ್ ಆದ ಗೇಮ್‌ನ ಬೆನ್ನ ಹಿಂದೆ. ಇದಕ್ಕೆ ಮದ್ದು ಎರಡು. ಟಾಸ್ಕ್ ಮ್ಯಾನೇಜರನ್ನು ‘ಆಲ್ವೇಸ್ ಆನ್ ಟಾಪ್’ ಎಂದು ಮೊದಲೇ ಹೊಂದಿಸಿಟ್ಟುಕೊಳ್ಳುವುದು ಒಂದು. ಇನ್ನೊಂದು, ಕಂಟ್ರೋಲ್, ವಿಂಡೋಸ್ ಮತ್ತು ಡಿ ಕೀಲಿಗಳನ್ನು ಒಟ್ಟಿಗೆ ಒತ್ತಿ ಹೊಸ ವರ್ಚುವಲ್ ಡೆಸ್ಕ್‌ಟಾಪ್ ತೆರೆದು, ಅಲ್ಲಿ ಟಾಸ್ಕ್ ಮ್ಯಾನೇಜರನ್ನು ಕರೆಯುವುದು; ವಿಂಡೋಸ್ 10ರಿಂದ ಇದು ಸಾಧ್ಯ. ಮ್ಯಾಕ್‌ನಲ್ಲಿ ಕಮಾಂಡ್-ಆಪ್ಷನ್-ಎಸ್ಕೇಪ್ ಒತ್ತಿದರೆ ಪ್ರೋಗ್ರಾಮನ್ನು ಬಲವಂತವಾಗಿ ಮುಗಿಸುವ ಕಿಟಕಿ ಬರುತ್ತದೆ.

ಟಾಸ್ಕ್ ಮ್ಯಾನೇಜರಿನ ಪಟ್ಟಿಯಲ್ಲಿ ಗೇಮನ್ನು ಆರಿಸಿ ‘ಎಂಡ್ ಟಾಸ್ಕ್’ ಒತ್ತಿ, ಹೀಗೆ ಬಲವಂತವಾಗಿ ಮುಗಿಸಿದಾಗ ಗೇಮ್‌ಗೆ ತನ್ನದೇ ಕೋಡ್‌ನ ಒಂದು ಸಾಲನ್ನೂ ನಡೆಸಲು ಅವಕಾಶ ಸಿಗುವುದಿಲ್ಲ. ಲಿನಕ್ಸ್‌ನಲ್ಲಿ ಈ ಭೇದ ಅಂಕಿಗಳಲ್ಲೇ ಇದೆ: 15ನೇ ಸಂಕೇತ ಕಳಿಸಿದರೆ ಪ್ರೋಗ್ರಾಂ ಅದನ್ನು ಓದಿ ಗಂಟುಮೂಟೆ ಕಟ್ಟಿಕೊಳ್ಳಬಹುದು, 9ನೆಯದನ್ನು ಕಳಿಸಿದರೆ ಅದು ಪ್ರೋಗ್ರಾಮಿಗೆ ತಲುಪುವುದೇ ಇಲ್ಲ, ಆಪರೇಟಿಂಗ್ ಸಿಸ್ಟಂನ ತಿರುಳಾದ ಕರ್ನೆಲ್ ತಾನೇ ಕಥೆ ಮುಗಿಸುತ್ತದೆ. ಗೇಮ್ ಹಿಡಿದಿಟ್ಟುಕೊಂಡಿದ್ದ ಮೆಮೊರಿ, ಗ್ರಾಫಿಕ್ಸ್ ಕಾರ್ಡಿನಲ್ಲಿ ಪಡೆದ ಜಾಗ, ತೆರೆದಿಟ್ಟ ಕಡತಗಳು, ನೆಟ್‌ವರ್ಕ್ ಸಂಪರ್ಕಗಳು ಎಲ್ಲವನ್ನೂ ಆಪರೇಟಿಂಗ್ ಸಿಸ್ಟಂ ವಾಪಸು ಪಡೆಯುತ್ತದೆ. ಬಲವಂತವಾಗಿ ಮುಚ್ಚಿದರೆ ಕಂಪ್ಯೂಟರ್ ಹಾಳಾಗುತ್ತದೆ ಎಂಬ ಅಂಜಿಕೆ ಅನೇಕ ಮನೆಗಳಲ್ಲಿದೆ. ಅದಕ್ಕೆ ಆಧಾರವಿಲ್ಲ.

ಹಾನಿ ಆಗುವುದಿದ್ದರೆ ಸೇವ್ ಕಡತಕ್ಕೆ. ಗೇಮ್ ತನ್ನ ಮೆಮೊರಿಯಲ್ಲಷ್ಟೇ ಇಟ್ಟುಕೊಂಡು ಇನ್ನೂ ಬರೆಯದಿದ್ದ ಪ್ರಗತಿ ಹೋಯಿತೆಂದೇ ಲೆಕ್ಕ. ಬರೆಯಿರಿ ಎಂದು ಆಪರೇಟಿಂಗ್ ಸಿಸ್ಟಂಗೆ ಒಪ್ಪಿಸಿಯಾಗಿದ್ದರೆ, ಅದು ಡಿಸ್ಕಿಗೆ ಇನ್ನೂ ತಲುಪದಿದ್ದರೂ ಚಿಂತೆಯಿಲ್ಲ. ಗೇಮ್ ಸತ್ತ ಮೇಲೂ ವಿಂಡೋಸ್ ಬದುಕಿರುತ್ತದೆ, ಬರೆದು ಮುಗಿಸುತ್ತದೆ. ಕೈಗೆ ಸಿಕ್ಕಿದ ಪವರ್ ಬಟನ್ ಒತ್ತಿ ಹಿಡಿಯುವುದಕ್ಕಿಂತ ಟಾಸ್ಕ್ ಮ್ಯಾನೇಜರ್ ವಾಸಿ ಎನ್ನುವುದು ಇದಕ್ಕೇ. ಪವರ್ ಹೋದರೆ ಡಿಸ್ಕಿಗೆ ತಲುಪದೆ ನಡುವೆ ಉಳಿದ ಆ ಸರಕೂ ಹೋಗುತ್ತದೆ. ಬೇಸಿಗೆಯ ಲೋಡ್ ಶೆಡ್ಡಿಂಗ್‌ನಲ್ಲಿ ಯುಪಿಎಸ್ ಇಲ್ಲದೆ ಆಡುವವರಿಗೆ ಇದನ್ನು ವಿವರಿಸಬೇಕಿಲ್ಲ. ಅತಿ ಕೆಟ್ಟದ್ದೆಂದರೆ ಹಳೆಯ ಸೇವ್ ಕಡತವನ್ನು ಅಳಿಸಿ ಹೊಸದನ್ನು ಅರ್ಧ ಬರೆದಿರುವ ಗಳಿಗೆಯಲ್ಲಿ ಗೇಮ್ ಸಾಯುವುದು. ಬಲ್ಲ ಪ್ರೋಗ್ರಾಮರ್‌ಗಳು ಹೊಸದನ್ನು ಬೇರೆ ಹೆಸರಿನಲ್ಲಿ ಪೂರ್ತಿ ಬರೆದು, ಡಿಸ್ಕ್ ಮುಟ್ಟಿದ್ದು ಖಾತ್ರಿಯಾದ ಮೇಲೆ ಹಳೆಯದರ ಜಾಗಕ್ಕೆ ತರುತ್ತಾರೆ. ಈ ಎಚ್ಚರ ಎಲ್ಲ ಗೇಮ್‌ಗಳಲ್ಲೂ ಇಲ್ಲ. ಮೂಲೆಯಲ್ಲಿ ತಿರುಗುವ ಚಿಹ್ನೆ ಕಾಣುವಾಗ ಯಂತ್ರ ಆರಿಸಬೇಡಿ ಎಂಬ ಎಚ್ಚರಿಕೆಯನ್ನು ಗೇಮ್‌ಗಳು ಶುರುವಿನಲ್ಲೇ ತೋರಿಸುವುದು ಅದಕ್ಕಾಗಿ.

ಸಿಕ್ಕಿಬಿದ್ದದ್ದು ಗ್ರಾಫಿಕ್ಸ್ ಕಾರ್ಡೇ ಆಗಿದ್ದರೆ ಗಡುವು ಇನ್ನೂ ಬಿಗಿ. ವಿಂಡೋಸ್ ವಿಸ್ತಾದಿಂದೀಚೆಗೆ, ಕೊಟ್ಟ ಕೆಲಸವನ್ನು ಕಾರ್ಡು ಸಾಮಾನ್ಯವಾಗಿ ಎರಡು ಸೆಕೆಂಡಿನಲ್ಲಿ ಮುಗಿಸದಿದ್ದರೆ ಅಥವಾ ಬಿಟ್ಟುಕೊಡದಿದ್ದರೆ ವಿಂಡೋಸ್ ಅದನ್ನು ಮರುಚಾಲನೆ ಮಾಡುತ್ತದೆ. ಪರದೆ ಕ್ಷಣಕಾಲ ಕಪ್ಪಾಗಿ ಮರಳುತ್ತದೆ. ಗೇಮ್ ಮಾತ್ರ ಹೆಚ್ಚಿನಂಶ ಮರಳುವುದಿಲ್ಲ. ಇನ್ನು, ಎಂಡ್ ಟಾಸ್ಕ್ ಒತ್ತಿದರೂ ಪಟ್ಟಿಯಿಂದ ಕದಲದ ಗೇಮ್‌ಗಳಿವೆ. ಅವುಗಳ ಪರವಾಗಿ ಯಾವುದೋ ಡ್ರೈವರ್ ಯಂತ್ರದೊಳಗೆ ಉತ್ತರಕ್ಕೆ ಕಾಯುತ್ತಿರುತ್ತದೆ, ಆ ಲೆಕ್ಕ ಚುಕ್ತವಾಗದೆ ಕರ್ನೆಲ್ ಗೇಮನ್ನು ಪೂರ್ತಿ ತೆರವು ಮಾಡುವುದಿಲ್ಲ. ಅಲ್ಲಿ ಮರುಚಾಲನೆ ಬಿಟ್ಟರೆ ಬೇರೆ ದಾರಿಯಿಲ್ಲ.

ಹ್ಯಾಂಗ್ ಆಗದಿದ್ದರೂ ಗೇಮ್‌ನ ಕತ್ತು ಹಿಸುಕುವವರಿದ್ದಾರೆ, ಅದು ಬೇರೆಯೇ ಕಲೆ. ಸೋಲು ಖಚಿತವಾದ ಗಳಿಗೆಯಲ್ಲಿ ಆಲ್ಟ್-ಎಫ್4 ಒತ್ತಿದರೆ, ಸೋಲು ಡಿಸ್ಕಿಗೆ ದಾಖಲಾಗುವ ಮೊದಲೇ ಆಟ ನಿಂತು ಹಿಂದಿನ ಸೇವ್‌ನಿಂದ ಮತ್ತೆ ಶುರು ಮಾಡಬಹುದಲ್ಲ! ವಿನ್ಯಾಸಕಾರರೂ ಸುಮ್ಮನೆ ಕೂತಿಲ್ಲ. 1987ರಿಂದ ಜನ ಆಡುತ್ತಾ ಬಂದಿರುವ ‘ನೆಟ್‌ಹ್ಯಾಕ್’ ಸೇವ್ ಕಡತವನ್ನು ತೆರೆದ ಕೂಡಲೇ ಅಳಿಸಿಬಿಡುತ್ತದೆ. ನಿಜವಾಗಿಯೂ ಕ್ರ್ಯಾಶ್ ಆದವರಿಗೆಂದು ಆಟವನ್ನು ಮತ್ತೆ ಜೋಡಿಸಿಕೊಡುವ ಬೇರೊಂದು ಪ್ರೋಗ್ರಾಮನ್ನು ಜೊತೆಗೆ ಕೊಟ್ಟಿದೆ. ‘ಡಾರ್ಕ್ ಸೋಲ್ಸ್’ ನಿಮ್ಮನ್ನು ಕೇಳದೆ ಮತ್ತೆ ಮತ್ತೆ ಸೇವ್ ಮಾಡುತ್ತಲೇ ಇರುತ್ತದೆ. ಆನ್‌ಲೈನ್ ಆಟಗಳಲ್ಲಂತೂ ನಿಮ್ಮ ಕಂಪ್ಯೂಟರಿನಲ್ಲಿ ಸತ್ತದ್ದು ಗೇಮ್‌ನ ಒಂದು ತುದಿ ಮಾತ್ರ. ‘ವರ್ಲ್ಡ್ ಆಫ್ ವಾರ್‌ಕ್ರಾಫ್ಟ್’ನಲ್ಲಿ ಕಾಡಿನ ನಡುವೆ ಗೇಮ್ ಮುಚ್ಚಿದರೆ ನಿಮ್ಮ ಪಾತ್ರ ಸುಮಾರು 20 ಸೆಕೆಂಡು ಅಲ್ಲೇ ನಿಂತಿರುತ್ತದೆ. ಬೆನ್ನಟ್ಟಿ ಬಂದ ಶತ್ರುವಿಗೆ ಅಷ್ಟು ಸಾಕು.