ತಡವಾಗಿ ಬಂದವರಿಗೂ ಪಾಲಿಡುವ ತುಂಬುಗುಂಬಳ

ಮಹಾನವಮಿ ಸಮೀಪಿಸಿತೆಂದರೆ ಎರಡು ಬಗೆಯ ಕುಂಬಳಗಳಿಗೆ ಬೇಡಿಕೆ. ಬೂದುಗುಂಬಳವು ಆಯುಧಪೂಜೆಯಂದು ದೃಷ್ಟಿ ನಿವಾಳಿಸಿಕೊಂಡು ಬೀದಿಯ ಪಾಲಾಗುತ್ತದೆ. ಸಿಹಿಗುಂಬಳವು ಅಡಿಗೆಮನೆ ಸೇರುತ್ತದೆ. ಹುಳಿ, ಪಲ್ಯ, ಗೊಜ್ಜುಗಳಲ್ಲಿ ಹೋಳಾಗುವ ಈ ಕಾಯಿಯನ್ನು ಇಡಿಯಾಗಿಯೇ ತುಂಬಿ ಬೇಯಿಸಿದರೆ, ಅದೇ ಒಂದು ಹೊತ್ತಿನ ಊಟವಾಗುವುದು.

ಕೋಲಾರ ಚಿನ್ನದ ಗಣಿಯ ಕೋರಮಂಡಲ್‌ನಂತಹ ವಸತಿಗಳಿಗೆ ಇಂತಹ ಅಡಿಗೆ ಚೆನ್ನಾಗಿ ಒಪ್ಪುತ್ತದೆ. 1880ರ ದಶಕದಲ್ಲಿ ಜಾನ್ ಟೇಲರ್ ಅಂಡ್ ಸನ್ಸ್ ಸಂಸ್ಥೆ ಇಲ್ಲಿ ಗಣಿಗಾರಿಕೆಯನ್ನು ಕೈಗೊಂಡ ಮೇಲೆ ತಮಿಳು, ತೆಲುಗು ಸೀಮೆಗಳಿಂದ ಅಸಂಖ್ಯ ಕುಟುಂಬಗಳು ಬಂದು ನೆಲಸಿದವು. ಕನ್ನಡದ ಸಿಹಿಗುಂಬಳ ನೆರೆಮನೆಯಲ್ಲಿ ಗುಮ್ಮಡಿಕಾಯಿ, ಅದರಾಚೆಯ ಮನೆಯಲ್ಲಿ ಪರಂಗಿಕಾಯಿ. ಮೂಲತಃ ಅಮೆರಿಕ ಖಂಡದ ಈ ಕಾಯಿ ಮೂರು ಭಾಷೆಗಳಲ್ಲೂ ಮನೆಮಗಳಾಗಿದೆ.

ಗಣಿ ನಡೆಯುತ್ತಿದ್ದಾಗ ಊಟದ ಹೊತ್ತನ್ನು ಪಾಳಿ ನಿರ್ಧರಿಸುತ್ತಿತ್ತು. 2001ರಲ್ಲಿ ಗಣಿ ಮುಚ್ಚಿತು. ಈಗ ಬಹು ಮಂದಿಗೆ ಬಂಗಾರಪೇಟೆಯ ಮೇಲೆ ಬೆಂಗಳೂರಿಗೆ ಹೋಗಿಬರುವ ರೈಲೇ ಪಾಳಿ. ಮನೆಯವರೆಲ್ಲ ಒಂದೇ ಪಂಕ್ತಿಯಲ್ಲಿ ಕೂರುವುದು ದುರ್ಲಭ. ಕಟ್ಟಕಡೆಗೆ ಉಣ್ಣುವಾಕೆ ಬಹುಮಟ್ಟಿಗೆ ಗೃಹಿಣಿ. ಆಕೆಗೆ ಉಳಿಯುವುದು ಪಾತ್ರೆಯ ತಳ. ತುಂಬುಗುಂಬಳವನ್ನಾದರೋ ಮನೆಯ ಮಂದಿಯಷ್ಟೇ ಹೋಳು ಮಾಡಿ ಮೊದಲೇ ಎಣಿಸಿಡಬಹುದು. ಕಡೆಯವರ ಪಾಲೂ ಕಣ್ಣಿಗೆ ಕಾಣುವಂತಿರುತ್ತದೆ.

ಒಂದೂವರೆ ಕಿಲೋ ತೂಗುವ, ತೊಟ್ಟು ಒಣಗಿದ, ಉಗುರು ನಾಟದಷ್ಟು ಸಿಪ್ಪೆ ಗಟ್ಟಿಯಾದ ಕಾಯಿಯನ್ನು ಆರಿಸಬೇಕು. ತೊಟ್ಟಿನ ಸುತ್ತ ಚಾಕುವನ್ನು ಓರೆಯಾಗಿ ಇಳಿಸಿ ಮುಚ್ಚಳವನ್ನು ಕತ್ತರಿಸಬೇಕು. ನೇರವಾಗಿ ಕತ್ತರಿಸಿದರೆ ಮುಚ್ಚಳ ಒಳಗೆ ಜಾರುವುದು. ಬೀಜ, ನಾರುಗಳನ್ನು ತೆಗೆದು, ತಿರುಳಿನ ಚೂರೊಂದನ್ನು ನಾಲಗೆಗೆ ಮುಟ್ಟಿಸಿ ನೋಡಬೇಕು. ಕಹಿಯೆನಿಸಿದರೆ ಕೂಡಲೇ ಉಗುಳಿ, ಕಾಯಿಯನ್ನೇ ಎಸೆಯತಕ್ಕದ್ದು. ಆ ಕಹಿ ವಾಂತಿಭೇದಿಗೆ ಕಾರಣವಾಗಬಲ್ಲದು, ಬೇಯಿಸಿದರೂ ಹೋಗದು.

ಹೂರಣಕ್ಕೆ ಉದುರಾಗಿ ಬೇಯಿಸಿದ ನವಣೆ ಒಂದೂವರೆ ಬಟ್ಟಲು, ಬೆಂದ ಅಲಸಂದೆಕಾಳು ಅರ್ಧ ಬಟ್ಟಲು, ಕಾಯಿತುರಿ ಕಾಲು ಬಟ್ಟಲು, ಹುರಿದ ಕಡಲೆಬೀಜ ಎರಡು ಚಮಚ. ಎಣ್ಣೆಯಲ್ಲಿ ಸಾಸಿವೆ, ಕರಿಬೇವು, ಹಸಿಮೆಣಸಿನಕಾಯಿ, ಒಂದು ಈರುಳ್ಳಿಯ ಒಗ್ಗರಣೆ ಮಾಡಿ ಇವೆಲ್ಲವನ್ನೂ ಕಲಸಬೇಕು. ಕುಂಬಳದ ಸಿಹಿಗೆ ಎದುರಾಗಿ ಉಪ್ಪು, ಖಾರ, ಹುಣಿಸೆರಸ ತುಸು ಮುಂದಾಗಿಯೇ ಇರಲಿ. ವ್ರತದ ದಿನಗಳಲ್ಲಿ ಈರುಳ್ಳಿ ಬಿಟ್ಟು ಇಂಗು ಹಾಕಬಹುದು. ಬಿಸಿ ಒಳಗೆ ತಲಪಲು ಹೊತ್ತು ಹಿಡಿಯುವುದರಿಂದ ಹೂರಣದ ಪದಾರ್ಥಗಳೆಲ್ಲ ಮೊದಲೇ ಬೆಂದಿರಬೇಕು.

ಕಾಯಿಯ ಒಳಮೈಗೆ ಉಪ್ಪು ಸವರಿ, ಬೆರಳಗಲ ಜಾಗ ಬಿಟ್ಟು ಹೂರಣ ತುಂಬಿ, ಮುಚ್ಚಳವಿಟ್ಟು, ಅಂಚುಳ್ಳ ತಟ್ಟೆಯಲ್ಲಿ ಕೂರಿಸಬೇಕು. ತಟ್ಟೆಯ ಆಸರೆಯಿಲ್ಲದಿದ್ದರೆ ಬೆಂದ ಕಾಯಿ ಎತ್ತುವಾಗ ಕುಸಿಯುವುದು. ದೊಡ್ಡ ಇಡ್ಲಿಪಾತ್ರೆಯ ಹಬೆಯಲ್ಲಿ ಮುಕ್ಕಾಲು ಗಂಟೆ ಬೇಯಿಸಿ, ಚಾಕು ಸರಾಗವಾಗಿ ಇಳಿಯುವುದೇ ಎಂದು ನೋಡಬೇಕು. ಕಾಲು ಗಂಟೆ ಆರಿದ ಮೇಲೆ ಹೋಳು ಮಾಡಿದರೆ ಹೂರಣ ಚೆದುರದು.

ರೈಲಿನಲ್ಲಿ ಬರುವವರ ಹೋಳನ್ನು ಎರಡು ಗಂಟೆಗಿಂತ ಹೆಚ್ಚು ಕಾಲ ಹೊರಗಿಡದೆ ಫ್ರಿಜ್ಜಿಗೆ ಸೇರಿಸಿ, ಬಡಿಸುವಾಗ ಮತ್ತೆ ಹಬೆಯಲ್ಲಿ ಚೆನ್ನಾಗಿ ಬಿಸಿ ಮಾಡಬೇಕು. ತೆಗೆದ ಬೀಜಗಳನ್ನು ತೊಳೆದೊಣಗಿಸಿ ಹುರಿದರೆ ಮಕ್ಕಳಿಗೆ ಸಂಜೆಯ ತಿಂಡಿಯಾಯಿತು. ಜೊತೆಗೆ ಮಜ್ಜಿಗೆಯೊಂದಿದ್ದರೆ ಸಾಕು. ಕಡೆಗೆ ಕುಳಿತಾಕೆಯ ಎಲೆಯಲ್ಲೂ ಮೊದಲು ಉಂಡವರಿಗೆ ಬಡಿಸಿದಷ್ಟೇ ದೊಡ್ಡ ಹೋಳು ಇರುವುದು.