ಹೊಳೆ ದಾಟಿದರೆ ಬೇರೆ ಜಿಲ್ಲೆ

ಹಂಪಿ: ತಳವಾರಘಟ್ಟದಲ್ಲಿ ನಿಂತರೆ ಎದುರಿಗೇ ಆನೆಗೊಂದಿಯ ದಡ. ನಡುವೆ ತುಂಗಭದ್ರೆ. ದಾಟಲು ದೋಣಿ, ಹರಿಗೋಲು. ಮೇಲೆ ಅಣೆಕಟ್ಟಿನ ಗೇಟು ಎತ್ತಿದರೆ ಅದೂ ಬಂದ್. ‘ಹೊಳಿ ಬಂತು’ ಅಂದರೆ ಮದುವೆಗಾಗಲಿ, ಆಸ್ಪತ್ರೆಗಾಗಲಿ ಸುತ್ತು ಹಾಕಲೇಬೇಕು.

1948ರವರೆಗೆ ಆಚೆ ದಡ ನಿಜಾಮನದು, ಈಚೆ ದಡ ಮದ್ರಾಸಿನದು. ಹೊಳೆ ದಾಟಿದರೆ ರೂಪಾಯಿಯೂ ಬೇರೆ. ಅಲ್ಲಿ ಹಾಲಿ ಸಿಕ್ಕಾ, ಇಲ್ಲಿ ಬ್ರಿಟಿಷರದ್ದು. ಅಂಗಡಿಕಾರರ ತಲೆನೋವು ಎಂಥದ್ದಿರಬೇಕು! 1953ರಲ್ಲಿ ಈಚೆ ದಡ ಮೈಸೂರು ರಾಜ್ಯಕ್ಕೆ ಸೇರಿತು, 1956ರಲ್ಲಿ ಆಚೆಯದೂ ಬಂತು. ರಾಜ್ಯ ಒಂದಾಯಿತು, ಜಿಲ್ಲೆ ಮಾತ್ರ ಎರಡೇ. ಆಚೆ ಕೊಪ್ಪಳ, ಈಚೆ 2021ರಿಂದ ವಿಜಯನಗರ.

ಇನ್ನು ಸೇತುವೆಯ ಕಥೆ. ತೊಂಬತ್ತರ ದಶಕದಲ್ಲಿ ಇಲ್ಲಿ ಕೆಲಸ ಶುರುವಾಯಿತು. ಸ್ಮಾರಕಗಳಿಗೆ ಧಕ್ಕೆ ಎಂದು ಯುನೆಸ್ಕೊ 1999ರಲ್ಲಿ ಹಂಪಿಯನ್ನು ಅಪಾಯದ ಪಟ್ಟಿಗೆ ಹಾಕಿತು. ಕೆಲಸ ನಿಂತಿತು. 2006ರಲ್ಲಿ ಪಟ್ಟಿಯಿಂದ ಹೆಸರು ಹೋಯಿತು. 2009ರ ಜನವರಿಯಲ್ಲಿ, ಇನ್ನೂ ಮುಗಿಯದ ಸೇತುವೆ ಕುಸಿದು ಕೂಲಿಕಾರರು ಸತ್ತರು. ಕಲ್ಲಿಗೆ ಕಾವಲು ಬೇಕು, ಒಪ್ಪೋಣ. ದಡದ ಮಂದಿ ಕಲ್ಲಲ್ಲವಲ್ಲ!

ಆಮೇಲೆ ಬುಕ್ಕಸಾಗರ–ಕಡೆಬಾಗಿಲು ಸೇತುವೆ ಆಯಿತು. ಗಾಡಿಗಳು ಅಲ್ಲಿ ಸುತ್ತಿ ಹೋಗುತ್ತವೆ. ನಡೆದು ಬಂದವರಿಗೆ ತಳವಾರಘಟ್ಟದ ದೋಣಿಯೇ ಗತಿ.